ಐರ್ಲೆಂಡಿನ ಹಾಡುಗಾರ್ತಿ ಮತ್ತು ದೊಡ್ಡವ್ವ

ಹೊಸ ರೇಷ್ಮೆ ಸೀರೆಯ ಮಡಿಕೆ ಬಿಚ್ಚಿದಾಗ ಬರುವ ಗಂಜಿಯ ವಾಸನೆಗೆ ಈಗಲೂ ನನಗೆ ಕೊಳ್ಳೇಗಾಲದ ನಮ್ಮ ಮಗ್ಗದ ಮನೆಯ ಒಂದು ಮಧ್ಯಾಹ್ನ ನೆನಪಾಗುತ್ತದೆ.

ಆಗ ನನಗೆ ಹತ್ತು ವರ್ಷ. ಮರುದಿನದ ಶಾಲಾ ವಾರ್ಷಿಕೋತ್ಸವದಲ್ಲಿ ನನ್ನ ಜೊತೆ ಹಾಡಬೇಕಿದ್ದ ಇಬ್ಬರು ಗೆಳತಿಯರು ಅಂದು ಬೆಳಿಗ್ಗೆ ಕೋಲಾಟದ ಗುಂಪು ಸೇರಿಬಿಟ್ಟಿದ್ದರು. ನಾನೂ ಹಾಡುವುದಿಲ್ಲವೆಂದು ಮುಖ ಊದಿಸಿಕೊಂಡು ಕೂತಿದ್ದೆ. ದೊಡ್ಡವ್ವ ಮಗ್ಗದ ಗುಂಡಿಯೊಳಗೆ ಕಾಲು ಇಳಿಬಿಟ್ಟು ನೇಯುತ್ತಿದ್ದರು. ಕಾಲೇಜಿಗೆ ಹೋಗುತ್ತಿದ್ದ ಅವರ ಮಗಳು, ನನ್ನ ಅಕ್ಕ, ಮೈಸೂರಿನಿಂದ ತಂದ ಕ್ಯಾಸೆಟ್ ಹಾಕಿದಳು. ಐರ್ಲೆಂಡ್ ದೇಶದ ಹಾಡುಗಾರ್ತಿಯೊಬ್ಬಳ ದನಿ ಗಿಟಾರಿನ ಜೊತೆ ಮಗ್ಗದ ಸದ್ದನ್ನು ಮೀರಿ ಕೇಳಿಸಿತು.

ಕವರಿನ ಹಿಂದಿದ್ದ ಇಂಗ್ಲಿಷನ್ನು ಅಕ್ಕ ಓದಿ ಹೇಳಿದಳು. ಆ ಹಾಡುಗಾರ್ತಿ ಮೊದಲು ಸಣ್ಣಪುಟ್ಟ ಹೋಟೆಲುಗಳಲ್ಲಿ ಹಾಡುತ್ತಿದ್ದಳಂತೆ. ನಾಲ್ವರ ತಂಡ ಕಟ್ಟಿದಳಂತೆ. ಹೆಸರು ಬರುವ ಹೊತ್ತಿಗೆ ತಂಡವೇ ಒಡೆದುಹೋಯಿತಂತೆ.

ದೊಡ್ಡವ್ವ ಲಾಳಿ ನಿಲ್ಲಿಸಿದರು. "ಆಮ್ಯಾಕೆ ಏನ್ ಮಾಡುದ್ಲು ಆ ಎಣ್ಣು?"

"ಒಬ್ಳೇ ಆಡುದ್ಲು ಕಣವ್ವ. ಈ ಕ್ಯಾಸೆಟ್ಟು ಅದೇಯ."

ದೊಡ್ಡವ್ವ ನನ್ನತ್ತ ತಿರುಗಿದರು. "ಕೇಳುಸ್ಕಂಡ್ಯಾ? ಎದ್ದು ನಿಂತ್ಕಂಡು ಆಡು ಮಗ. ಮಗ್ಗ ನಿಲ್ಸಿವ್ನಿ."

ಕತ್ತಲಾಗುವ ಮೊದಲು ಸೆರಗು ಮುಗಿಸಬೇಕಿದ್ದವರು ಕೈಕಟ್ಟಿ ಕೂತು ಪೂರ್ತಿ ಕೇಳಿದರು. ಎರಡನೆಯ ಚರಣದಲ್ಲಿ ನನ್ನ ದನಿ ನಡುಗಿತು, ಮೂರನೆಯದರಲ್ಲಿ ನಡುಗಲಿಲ್ಲ. "ಇನ್ನೊಂದ್ಸಲ" ಎಂದರು.

ಮರುದಿನ ವೇದಿಕೆಯ ಪಕ್ಕ ಮೇಡಂ ಕೇಳಿದರು, "ಉಳಿದಿಬ್ಬರು ಎಲ್ಲಮ್ಮ?"

"ನಾನೊಬ್ಳೇ ಆಡ್ತೀನಿ ಮೇಡಂ" ಎಂದೆ. ಮೈಕು ನನಗಿಂತ ಎತ್ತರದಲ್ಲಿತ್ತು. ಯಾರನ್ನೂ ಕರೆಯದೆ, ಕೈ ಚಾಚಿ ನಾನೇ ಅದನ್ನು ತಗ್ಗಿಸಿಕೊಂಡೆ.