ತಪ್ಪದ ರಂಗೋಲಿ

ಸಾವಾದ ಮನೆಯವರು ರಂಗೋಲಿ ಹಾಕುವುದಿಲ್ಲವೆಂದು ಡ್ರೋನಿಗೂ ಗೊತ್ತಿತ್ತು. ರೋಗ ಊರಿಗೆ ಬಂದಂದಿನಿಂದ ದಿನಾ ಬೆಳಿಗ್ಗೆ ಅದು ಅಂಗಳಗಳನ್ನು ನೋಡಿ ಹೋಗುತ್ತಿತ್ತು. ರಂಗೋಲಿ ಕಾಣದ ಮನೆಯ ಬಾಗಿಲಿಗೆ, ಬದುಕಿದ್ದವರು ಒಳಗಿರುವಂತೆಯೇ, ಬೆಸುಗೆ ಬೀಳುತ್ತಿತ್ತು.

ಸತ್ತ ಅತ್ತೆಯ ಕಣ್ಣು ಮುಚ್ಚಿ ದುರ್ಗವ್ವ ರಂಗೋಲಿ ಡಬ್ಬಿ ಎತ್ತಿಕೊಂಡಳು.

“ನಮ್ಮವ್ವನ ಹೆಣಾ ಮನ್ಯಾಗಿಟ್ಕೊಂಡು ರಂಗೋಲಿ ಹಾಕ್ತಿಯೇನ?” ಗಂಡ ತಿಪ್ಪಣ್ಣ ಬಿಕ್ಕಿದ.

“ಒಳಗ ಕೂಸು ಐತ್ರಿ,” ಎಂದಷ್ಟೇ ಹೇಳಿ ಹೊರಬಂದಳು.

ಅತ್ತೆಯೇ ಕಲಿಸಿದ್ದ ಚುಕ್ಕಿಯ ತಾವರೆ. ಒಂದು ಎಳೆಯೂ ತಪ್ಪಲಿಲ್ಲ. ಡ್ರೋನ್ ಕೆಳಗಿಳಿದು ನೋಡಿ ಮುಂದೆ ಹೋಯಿತು.

ದುರ್ಗವ್ವ ಎದ್ದು ನಿಂತು ಓಣಿಯುದ್ದಕ್ಕೂ ನೋಡಿದಳು. ತಿಂಗಳಿಂದ ಒಂದು ಮನೆಯ ಮುಂದೂ ರಂಗೋಲಿ ತಪ್ಪಿರಲಿಲ್ಲ. ಅದನ್ನು ಕಂಡು, ತಮ್ಮ ಓಣಿಗೆ ರೋಗ ಬಂದಿಲ್ಲವೆಂದು, ಅವಳು ದಿನಾ ದೇವರಿಗೆ ಕೈ ಮುಗಿಯುತ್ತಿದ್ದಳು.