ಒಳಗಿನ ಕುರ್ಚಿ

ಸ್ವರಲಿಪಿಯ ಪುಟ ಮುಗಿಯಿತು, ಯಾರೂ ತಿರುಗಿಸಲಿಲ್ಲ. ಮುಖ್ಯ ಚೆಲ್ಲೋ ವಾದಕಿ ತಡವರಿಸಿ ನಿಂತಳು. ಅವಳ ಪಕ್ಕ, ಅದೇ ಪುಸ್ತಕ ಹಂಚಿಕೊಂಡು ಒಳಗಿನ ಕುರ್ಚಿಯಲ್ಲಿದ್ದ ಮುದುಕ ಮಾತ್ರ ಕಣ್ಣು ಮುಚ್ಚಿ ಬಾರಿಸುತ್ತಲೇ ಇದ್ದ. ನಿರ್ದೇಶಕ ಕೈ ಎತ್ತಿ ಇಡೀ ವಾದ್ಯವೃಂದವನ್ನು ನಿಲ್ಲಿಸಿದ ಮೇಲೆ ಅವನ ಚೆಲ್ಲೋ ಒಂದೇ, ಶ್ರುತಿ ಸ್ವಲ್ಪ ತಪ್ಪಿ, ಕೇಳಿಸಿತು.

"ಮೇಷ್ಟ್ರೇ, ಒಳಗೆ ಕೂತವರು ಪುಟ ತಿರುಗಿಸಬೇಕು. ಇದನ್ನೂ ನಾನೇ ಹೇಳಿಕೊಡಬೇಕಾ?" ಎಂದ ನಿರ್ದೇಶಕ.

"ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ," ಎಂದು ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ನಿನ್ನೆಯವರೆಗೆ ಮುಖ್ಯ ವಾದಕರು ಕೂರುವ ಹೊರಗಿನ ಕುರ್ಚಿ ಮುದುಕನದೇ. ಅವನ ಬೆರಳು ನಡುಗತೊಡಗಿದ ಮೇಲೆ ಅದನ್ನು ಈಗ ಪಕ್ಕದಲ್ಲಿ ಕೂತಿದ್ದ ಅವನ ಶಿಷ್ಯೆಗೇ ಕೊಟ್ಟಿದ್ದರು. ಅವನು ಅಲ್ಲಿ ಕೂತಿದ್ದಷ್ಟು ವರ್ಷವೂ ಅವನ ಪುಟವನ್ನು ಬೇರೆ ಯಾರೋ ತಿರುಗಿಸುತ್ತಿದ್ದರು.

ತಾಲೀಮು ಮತ್ತೆ ಶುರುವಾಯಿತು. ಪುಟದ ಕೊನೆ ಬಂದಾಗ ಶಿಷ್ಯೆ, ಪಾಪ ಅನ್ನಿಸಿ, ಬಾರಿಸುವುದನ್ನು ನಿಲ್ಲಿಸಿ ತಾನೇ ಕೈ ಚಾಚಿದಳು. ಮುದುಕ ಕಮಾನಿನ ತುದಿಯಿಂದ ಆ ಕೈಗೆ ಪಟ್ಟನೆ ಹೊಡೆದ. ಅವಳು ಎಂಟು ವರ್ಷದವಳಿದ್ದಾಗ ಹೀಗೇ ಹೊಡೆಯುತ್ತಿದ್ದ.

"ನಡುವೆ ನಿಲ್ಲಿಸಬೇಡ ಅಂತ ಎಷ್ಟು ಸಲ ಬಡ್ಕೊಳ್ಳಲಿ ನಿಂಗೆ? ಬಾರಿಸು!"

ಅವಳು ಬಾರಿಸಿದಳು. ಅವನು ಕಮಾನನ್ನು ತೊಡೆಯ ಮೇಲಿಟ್ಟು, ಹೆಬ್ಬೆರಳಿಗೆ ಎಂಜಲು ಹಚ್ಚಿ ಪುಟ ತಿರುಗಿಸಿದ. ಕಮಾನನ್ನು ಮತ್ತೆ ಎತ್ತಿಕೊಳ್ಳಲಿಲ್ಲ.