ಹಸಿರು ಸೀರೆಯ ಹಿಂದಿದ್ದ ಕೆಂಪು ತ್ರಿಕೋನ

ಹಂಗಾಮಿನ ಮೊದಲ ಕಬ್ಬಿನ ಲೋಡ್ ಹೊರಡುವ ದಿನವೆಂದರೆ ಕಾಶವ್ವನ ಮನೆಯಲ್ಲಿ ದೊಡ್ಡ ಸಡಗರ.

ಹೊಲ ತಾಯಿ, ಕಬ್ಬು ಅವಳ ಮಗಳು... ಮಗಳನ್ನು ಕಳಿಸುವಾಗ ಉಡಿ ತುಂಬಿ, ಹೊಸ ಸೀರೆ ಉಡಿಸಿ ಕಳಿಸಬೇಕು. ಅದು ಅತ್ತೆಯ ಕಾಲದಿಂದ ಬಂದ ಪದ್ಧತಿ.

ಕಾಶವ್ವ ಟ್ರೇಲರಿನ ಹಿಂಬದಿಗೆ ಹಸಿರು ಸೀರೆ ಹೊದಿಸಿದಳು. ನೆರಿಗೆಗಳನ್ನು ಒಂದೊಂದಾಗಿ ಹಿಡಿದು, ಕೆಳಗಿನವರೆಗೂ ಇಳಿಬಿಟ್ಟಳು.

ಟ್ರ್ಯಾಕ್ಟರ್ ಹತ್ತಲು ಬಂದ ಗಂಡ ಮುದಕಪ್ಪ ಹಿಂದೆ ಹೋಗಿ ನೋಡಿದ.

"ಏ, ಸ್ವಲ್ಪ ಮ್ಯಾಲ ಕಟ್ಟ. ಕೆಂಪು ತ್ರಿಕೋನ ಮುಚ್ಚೇತಿ ನೋಡು..."

ಕಾಶವ್ವ ಸೊಂಟದ ಮೇಲೆ ಕೈ ಇಟ್ಟಳು.

"ಗಂಡನ ಮನಿಗೆ ಹೊಂಟ ಹೆಣ್ಣಮಗಳ ಸೀರಿ ಮೊಣಕಾಲ ಮ್ಯಾಲ ಎತ್ತಿ ಕಟ್ತಾರೇನ್ರಿ? ಬೇಕಂದ್ರ ನಿಮ್ಮ ಧೋತರ ಎತ್ತಿ ಕಟಗೊಳ್ರಿ!"

ಕಬ್ಬು ಕಡಿಯಲು ಬಂದವರೆಲ್ಲ ಬಿದ್ದು ಬಿದ್ದು ನಕ್ಕರು. ಮುದಕಪ್ಪನೂ ನಕ್ಕ. ಟ್ರ್ಯಾಕ್ಟರ್ ಸ್ಟಾರ್ಟ್ ಮಾಡಿದ.

ಟ್ರೇಲರಿನ ಹಿಂದೆ ಹಚ್ಚಿದ್ದ ಆ ರಿಫ್ಲೆಕ್ಟರ್ ತ್ರಿಕೋನಕ್ಕೆ ಸ್ವಂತ ಬೆಳಕಿಲ್ಲ. ಹಿಂದಿನಿಂದ ಬರುವ ಗಾಡಿಯ ಹೆಡ್‌ಲೈಟ್ ಬಿದ್ದರೆ, ಆ ಬೆಳಕನ್ನು ಬಂದ ದಾರಿಗೇ ತಿರುಗಿಸಿ ಕಳಿಸುತ್ತದೆ... ಅಷ್ಟೇ.

ಆದರೆ ಅಷ್ಟರಲ್ಲೇ ಒಂದು ಮಾತು ಇರುತ್ತದೆ: "ಮುಂದೆ ನಿಧಾನದ ಗಾಡಿ ಇದೆ, ಹುಷಾರು."

ಬಟ್ಟೆಗೆ ಆ ಗುಣವಿಲ್ಲ. ಕತ್ತಲಾಗುತ್ತಿದ್ದಂತೆ ಹಸಿರು ಸೀರೆ ಕತ್ತಲಿನ ಬಣ್ಣವನ್ನೇ ತಳೆಯುತ್ತದೆ.

ಹೊತ್ತು ಮುಳುಗಿತ್ತು. ಫ್ಯಾಕ್ಟರಿ ರಸ್ತೆಯ ಏರಿನಲ್ಲಿ ಟ್ರ್ಯಾಕ್ಟರ್ ಮನುಷ್ಯ ನಡೆಯುವಷ್ಟು ನಿಧಾನವಾಗಿ ಹತ್ತುತ್ತಿತ್ತು.

ಹಿಂದೆ ಒಂದು ಸದ್ದಾಯಿತು...

ಮುದಕಪ್ಪ ಇಳಿದು ಓಡಿದ. ಬೈಕ್ ಟ್ರೇಲರಿನ ಅಡಿಯಲ್ಲಿತ್ತು. ಬಿದ್ದವನು ತನ್ನದೇ ಊರಿನ ಪರಸಪ್ಪ. ಮೋಟಾರ್ ವೈಂಡಿಂಗ್ ಅಂಗಡಿ ಮುಚ್ಚಿಕೊಂಡು ರಿಪೇರಿ ಕೆಲಸಕ್ಕೆ ಫ್ಯಾಕ್ಟರಿ ಕಡೆ ಹೊರಟವನು. ಉಸಿರು ನಿಂತಿತ್ತು.

ಮುದಕಪ್ಪ ರಸ್ತೆಯ ಎರಡೂ ಕಡೆ ನೋಡಿದ. ಅವನು ಸೀರೆಯನ್ನು ಕಿತ್ತು ಸೀಟಿನ ಕೆಳಗೆ ತುರುಕಿದ.

ಜನ ಸೇರಿದರು. ಅವರ ಬೈಕುಗಳ ಬೆಳಕಿಗೆ ಕೆಂಪು ತ್ರಿಕೋನ ಕೆಂಡದಂತೆ ಹೊಳೆಯಿತು.

"ಇಷ್ಟ ದೊಡ್ಡದು ಹೊಳಿಯಾಕತ್ತೇತಿ... ಇದೂ ಕಾಣಲಿಲ್ಲಂದ್ರ ಕುಡದಾನ ಬಿಡ್ರಿ."

"ಅವರಪ್ಪನ ರಕ್ತ ಅಲ್ಲೇನೋ!"

ಆಸ್ಪತ್ರೆಯ ರಿಪೋರ್ಟ್ ಬರುವ ಮೊದಲೇ ಊರು ತೀರ್ಪು ಕೊಟ್ಟುಬಿಟ್ಟಿತ್ತು.

ಮನೆಗೆ ಬಂದ ಮುದಕಪ್ಪ ಸೀರೆಯನ್ನು ಹೆಂಡತಿಯ ಮುಂದೆ ಹಾಕಿದ. ನಡೆದದ್ದನ್ನೆಲ್ಲ ಹೇಳಿದ. ಆಮೇಲೆ ಒಂದೇ ಮಾತು...

"ಬಾಯಿ ಬಿಟ್ಟರ ನಾ ಜೈಲಿಗೆ ಹೋಗ್ತೀನಿ."

ಕಾಶವ್ವ ಬಾಯಿ ಬಿಡಲಿಲ್ಲ. ಅನ್ನವೂ ಇಳಿಯಲಿಲ್ಲ.

ಮಣ್ಣು ಕೊಟ್ಟ ಮೇಲೆ ಹೆಂಗಸರೆಲ್ಲ ಪರಸಪ್ಪನ ತಾಯಿ ನಿಂಬೆವ್ವನನ್ನು ಮಾತಾಡಿಸಲು ಹೋಗಿ ಬಂದರು. ಎಲ್ಲರದೂ ಒಂದೇ ಅಚ್ಚರಿ. "ಏನ್ ಕಲ್ಲ ಎದಿ ಆಕಿದು! ಒಂದ ಹನಿ ಕಣ್ಣೀರಿಲ್ಲ ನೋಡ..."

ಕೊನೆಗೆ ಕಾಶವ್ವನೂ ಹೋದಳು.

ನಿಂಬೆವ್ವ ಗೋಡೆಗೆ ಒರಗಿ ಕೂತಿದ್ದಳು. ಕಣ್ಣು ಒಣಗಿದ್ದವು.

"ನೀನೂ ಬಂದೇನವಾ... ಎದಕ್ಕ ಅಳಲಿ ಹೇಳು? ಅವರಪ್ಪ ಕುಡದ ಕುಡದ ಸತ್ತ. ಇಂವ ನನ್ನ ಕೈ ಹಿಡದು ಆಣಿ ಮಾಡಿದ್ದ, ಯವ್ವಾ, ನಾ ಮುಟ್ಟೂದಿಲ್ಲ ಅಂತ..."

ಅವಳು ನೆಲಕ್ಕೆ ಕೈ ಬಡಿದಳು.

"ಸುಳ್ಳಗಾರ! ಸತ್ತು ಸುಳ್ಳಗಾರ ಅನ್ನಿಸಿಕೊಂಡ. ಹೆಣಕ್ಕ ನೀರ ಹಾಕುವಾಗೂ ಬೈದೀನಿ ನಾ..."

ಕಾಶವ್ವನಿಗೆ ನೆಲ ಬಿರಿದಂತಾಯಿತು. ಮಗನನ್ನು ಕಳೆದುಕೊಂಡದ್ದಷ್ಟೇ ಅಲ್ಲ... ಮಗನ ಮೇಲಿನ ನಂಬಿಕೆಯನ್ನೂ ಈ ತಾಯಿ ಕಳೆದುಕೊಂಡಿದ್ದಳು.

ಗಂಡನ ಮುಖ ಕಣ್ಣ ಮುಂದೆ ಬಂತು. ಜೈಲಿನ ಬಾಗಿಲೂ ಬಂತು. ಮಾತು ನಾಲಿಗೆಯವರೆಗೆ ಬಂದು ಎರಡು ಸಲ ಹಿಂದೆ ಹೋಯಿತು.

"ಯಕ್ಕಾ... ಅಂವ ಕುಡದಿರಲಿಲ್ಲ."

"ನೀ ಏನ್ ಕಂಡೀದಿ?"

"ಅಂವಗ ಗಾಡಿ ಕಂಡಿಲ್ಲ. ತ್ರಿಕೋನದ ಮ್ಯಾಲ ನಾನ ಸೀರಿ ಮುಚ್ಚಿದ್ದೆ. ನಮ್ಮವರು ಬ್ಯಾಡ ಅಂದ್ರು... ನಾನ ನಕ್ಕು ಬಾಯಿ ಮುಚ್ಚಿಸಿದೆ. ಜನ ಬರೂದರಾಗ ಅವರು ಸೀರಿ ತಗದಾರ. ನಿನ್ನ ಮಗ ಸುಳ್ಳಗಾರ ಅಲ್ಲ ಯಕ್ಕಾ..."

ನಿಂಬೆವ್ವ ಗೋಡೆ ಬಿಟ್ಟು ಮುಂದಕ್ಕೆ ಬಾಗಿದಳು.

"ಕುಡದಿರಲಿಲ್ಲಾ?" ಎಂದು ಕೇಳಿದಳು. ಮತ್ತೆ ಅದನ್ನೇ ಕೇಳಿದಳು.

ಆಮೇಲೆ ಅವಳ ಬಾಯಿಂದ ಒಂದು ಕೂಗು ಹೊರಟಿತು. "ಪರಸಾ... ನನ್ನ ಪರಸಾ... ಬೈದೆನಲ್ಲೋ ನಿನಗ..."

ಸತ್ತ ಮಗನಿಗಾಗಿ ಆ ತಾಯಿ ಅತ್ತದ್ದು ಆಗಲೇ.

ಕಾಶವ್ವ ಅವಳ ಕಾಲು ಹಿಡಿಯಲು ಬಾಗಿದಳು. ನಿಂಬೆವ್ವ ಕಾಲು ಹಿಂದಕ್ಕೆ ಎಳೆದುಕೊಂಡಳು.

"ಮುಟ್ಟಬ್ಯಾಡ. ಕ್ಷಮಾ ಮಾಡೂದು ನನ್ನ ಕೈಲೆ ಆಗೂದಿಲ್ಲ... ಆದ್ರ ಹೊರಗ ಕಟ್ಟಿ ಮ್ಯಾಲ ಕುಂತಾರಲ್ಲ, ನನ್ನ ಮಗನ್ನ ಕುಡುಕ ಅಂದವರು? ನನಗ ಹೇಳಿದ್ದನ್ನ ಅವರಿಗೂ ಹೇಳು. ಜೋರಾಗಿ ಹೇಳು."

ಕಾಶವ್ವ ಸೆರಗು ಬಿಗಿದುಕೊಂಡು ಹೊರಗೆ ಬಂದಳು.

ಕಟ್ಟೆಯ ಮೇಲೆ ಊರಿನ ಗಂಡಸರಿದ್ದರು. ಅವರ ನಡುವೆ ಮುದಕಪ್ಪನೂ ಕೂತಿದ್ದ. ಹೆಂಡತಿಯ ಮುಖ ನೋಡಿದ ಕೂಡಲೇ ಅವನಿಗೆ ಎಲ್ಲವೂ ತಿಳಿಯಿತು. ಬೇಡ ಎನ್ನುವಂತೆ ಕೈ ಎತ್ತಿದ...

ಅರ್ಧಕ್ಕೆ ಎತ್ತಿದ ಕೈಯನ್ನು ತಾನೇ ಇಳಿಸಿ, ತಲೆ ತಗ್ಗಿಸಿದ.

ಕಾಶವ್ವ ಜೋರಾಗಿ ಹೇಳಿದಳು.

*

ನಾವು ನಿಧಾನವಾಗಿ ಹೋಗುತ್ತಿದ್ದೇವೆ ಎಂಬುದು ನಮಗೆ ಗೊತ್ತಿದ್ದರೆ ಸಾಲದು, ಹಿಂದೆ ಬರುವವನಿಗೆ ಅದು ಕಾಣಬೇಕು.

ನಿಮ್ಮ ಗಾಡಿಯ ಹಿಂಬದಿಗೆ ಹೋಗಿ, ಅಲ್ಲಿ ನಿಂತು, ನೀವು ಕೊನೆಯ ಸಲ ನೋಡಿದ್ದು ಯಾವಾಗ...?